ಸುಂಟರಗಾಳಿಯ ಜೋರನ್ನು ಅದರ ಬೆನ್ನ ಹಿಂದೆ ಅಳೆಯುವುದೇಕೆ?

ಬೆಟ್ಟಗಳ ಮಣ್ಣು ಇನ್ನೂ ಹಸಿಹಸಿಯಾಗಿದ್ದ ಕಾಲವದು. ಯಾವ ಕಡೆ ಹರಿಯಬೇಕು ಎಂದು ನದಿಗಳು ಕಂಡಕಂಡವರನ್ನು ದಾರಿ ಕೇಳುತ್ತಿದ್ದವು. ಆಗ ಮರ ಮಾತಾಡುತ್ತಿತ್ತು, ಹುಲ್ಲು ಮಾತಾಡುತ್ತಿತ್ತು, ಗಾಳಿಯಂತೂ ಬಾಯಿ ಮುಚ್ಚುತ್ತಲೇ ಇರಲಿಲ್ಲ.

ಆಗ ಒಂದು ಕೆಟ್ಟ ಪದ್ಧತಿ ಇತ್ತು. ಕೆಟ್ಟದ್ದು ಎಂದು ನಾನು ಹೇಳುತ್ತೇನೆ, ಆಗಿನವರು ಹಾಗೆ ಅಂದುಕೊಂಡಿರಲಿಲ್ಲ. ಯಾರ ಜೋರು ಎಷ್ಟು ಎಂಬುದನ್ನು ಅವರವರೇ ಬಂದು ಹೇಳಬೇಕು. ಮುಗಿಲಜ್ಜ, ಅಂದರೆ ಮೇಲಿನ ಆ ಮುದಿ ಆಕಾಶ, ಸಂಜೆ ಗುಡ್ಡದ ಮೇಲೆ ಮೊಣಕೈ ಊರಿ ಕೂರುತ್ತಿದ್ದ. ಬಿಸಿಲು ಬಂದು ಇವತ್ತು ಇಷ್ಟು ಸುಟ್ಟೆ ಅನ್ನುತ್ತಿತ್ತು. ಮಳೆ ಬಂದು ಇಷ್ಟು ಸುರಿದೆ ಅನ್ನುತ್ತಿತ್ತು. ಮುಗಿಲಜ್ಜ ತಲೆದೂಗುತ್ತಿದ್ದ, ಮುಗಿಯಿತು. ಬಿಸಿಲು, ಮಳೆ ಪಾಪ ನಿಜ ಹೇಳುತ್ತಿದ್ದವು, ಹಾಗಾಗಿ ಪದ್ಧತಿ ಹೇಗೋ ನಡೆದುಕೊಂಡು ಬಂತು.

ಸುಂಟರಗಾಳಿ ಅಂಥವನಲ್ಲ. ಅವನ ಬಾಯಲ್ಲಿ ನಿಜ ಬಂದದ್ದೇ ಕಡಿಮೆ.

ಬಯಲಿನ ನಡುವೆ ಹನ್ನೆರಡು ಗುಡಿಸಲಿನ ಒಂದು ಊರು. ಆ ಹನ್ನೆರಡಕ್ಕೂ ಸೂರು ಕಟ್ಟಿದವಳು ಸಂಕವ್ವ. ಬಿದಿರಿನ ಮೇಲೆ ಹುಲ್ಲು ಹೊದಿಸಿ, ಪುಂಡಿ ನಾರಿನ ಹಗ್ಗದಲ್ಲಿ ಬಿಗಿಯುವುದು ಅವಳ ಕೆಲಸ. ಒಂದೊಂದು ಗಂಟು ಹಾಕಿದ ಮೇಲೂ ಅದನ್ನು ಎರಡೂ ಕೈಯಲ್ಲಿ ಹಿಡಿದು, ಕಾಲು ನೆಲ ಬಿಟ್ಟು ಜೋತು ಬೀಳುತ್ತಿದ್ದಳು. ತನ್ನ ಭಾರ ತಡೆದರೆ ಮುಂದಿನ ಗಂಟಿಗೆ ಹೋಗುತ್ತಿದ್ದಳು. ಮಕ್ಕಳು ಕೆಳಗೆ ನಿಂತು ನಗುತ್ತಿದ್ದರು. ನಗಲಿ ಬಿಡು ಎಂದು ಅವಳೂ ನಗುತ್ತಿದ್ದಳು.

ಒಂದು ಮಧ್ಯಾಹ್ನ ಸುಂಟರಗಾಳಿ ಬಂದ. ಊರಿನವರೆಲ್ಲ ಹಳ್ಳಕ್ಕೆ ಇಳಿದು, ಕಣ್ಣು ಮುಚ್ಚಿ, ಮಕ್ಕಳನ್ನು ಅಪ್ಪಿಕೊಂಡು ಮಲಗಿದರು. ಎದ್ದು ನೋಡಿದರೆ ಒಂದು ಗುಡಿಸಲಿಗೂ ಸೂರಿಲ್ಲ.

ಸಂಜೆ ಅವನು ಮುಗಿಲಜ್ಜನ ಮುಂದೆ ಬಂದು ನಿಂತ. ಎಷ್ಟು ಮೆತ್ತಗೆ ನಿಂತ ಗೊತ್ತಾ? ಬೆಕ್ಕಿನ ಮರಿಯಂತೆ.

"ನಾ ಏನ್ ಮಾಡೀನಜ್ಜಾ? ಸುಮ್ನ ಹಾದು ಹೋದೆ. ಜೋಳದ ದಂಟಿನ ತುದಿ ಅಲುಗೋವಷ್ಟ ಬೀಸೀನಿ. ಆಕಿ ಗಂಟು ಸಡ್ಲ ಇದ್ರ ಅದು ನನ್ನ ತಪ್ಪೇನು?"

ಕೇಳಿದೆಯಾ ಮಗು? ಮನೆ ಮುರಿದವನೇ ಮನೆ ಕಟ್ಟಿದವಳ ಮೇಲೆ ಗೂಬೆ ಕೂರಿಸುತ್ತಿದ್ದಾನೆ! ಇದನ್ನು ಹೇಳುವಾಗ ನನಗೆ ಈಗಲೂ ಮೈ ಉರಿಯುತ್ತದೆ.

ಮುಗಿಲಜ್ಜ ಅಭ್ಯಾಸದಂತೆ ತಲೆದೂಗಿಬಿಟ್ಟ. "ಹಂಗಾರ ಸಂಕವ್ವ ಇನ್ ಮುಂದ ಸೂರು ಕಟ್ಟೂದು ಬ್ಯಾಡ. ಆಕಿ ಹಗ್ಗ ಹೊಳಿಗೆ ಹಾಕ್ರಿ" ಅಂದ.

ಊರಿನವರೂ ನಂಬಿಬಿಟ್ಟರು. ಹದಿನೈದು ದಿನದ ಕೂಸನ್ನು ಎತ್ತಿಕೊಂಡಿದ್ದ ದುಂಡವ್ವ ಮುಖ ತಿರುಗಿಸಿ, "ನಿನ್ನ ನಂಬಿ ಮಲಗಿದ್ವೆಲ್ಲ ಸಂಕವ್ವಾ" ಅಂದಳು. ಸಂಕವ್ವನಿಗೆ ಆ ಮಾತು ಗಾಳಿಗಿಂತ ಜೋರಾಗಿ ತಾಗಿತು.

ಅವಳು ಹಗ್ಗ ಕೊಡಲಿಲ್ಲ. ಸೊಂಟಕ್ಕೆ ಸುತ್ತಿಕೊಂಡು ಮುಗಿಲಜ್ಜನ ಮುಂದೆ ನಿಂತಳು.

"ಅಜ್ಜಾ, ಕಳವು ಎಷ್ಟಾತು ಅಂತ ಕಳ್ಳನ್ನ ಕೇಳ್ತೀರೇನು? ಇದ್ಯಾವ ನ್ಯಾಯ?"

"ಮತ್ತ ಯಾರನ್ನ ಕೇಳ್ಲವ್ವಾ? ಅಂವ ಬಂದಾಗ ನೀವೆಲ್ಲಾ ಕಣ್ಣ ಮುಚ್ಚಿದ್ರಿ. ಅಂವನ ಹತ್ರ ಹೋಗಿ ನೋಡಿದವ್ರು ಹೇಳಾಕ ಉಳಿಯೂದಿಲ್ಲ."

"ಮುರಿದದ್ದನ್ನ ಕೇಳ್ರಿ. ನೀವು ಕೇಳದಿದ್ರ ನಾ ಕೇಳ್ತೀನಿ."

ನಾಳೆ ಹೊತ್ತು ಮುಳುಗುವವರೆಗೆ ಸಮಯ ಕೊಡುತ್ತೇನೆ ಎಂದ ಮುಗಿಲಜ್ಜ.

ಬೆಳಕು ಹರಿಯುತ್ತಲೇ ಸಂಕವ್ವ ಗಾಳಿ ಹೋದ ದಾರಿ ಹಿಡಿದಳು. ಗಾಳಿ ಎಷ್ಟು ಜೋರೋ ಹಗ್ಗಕ್ಕೆ ಅಷ್ಟು ಗಂಟು, ಹೆಚ್ಚೆಂದರೆ ಐದು, ಹಾಕುವುದು ಎಂದುಕೊಂಡಳು. ಸುಂಟರಗಾಳಿಯೂ ಹಿಂದೆ ಹಿಂದೆಯೇ ಬಂದ, ಸಿಳ್ಳೆ ಹಾಕುತ್ತಾ.

ಮೊದಲು ಹುಲ್ಲು ಸಿಕ್ಕಿತು. ಪೂರಾ ನೆಲಕ್ಕೆ ಮಲಗಿತ್ತು. "ನನ್ನ ಕೇಳಬ್ಯಾಡವ್ವಾ, ನಾ ಯಾರ್ ಬಂದ್ರೂ ಬಾಗಾಕಿ" ಅಂದಿತು. ಸಂಕವ್ವ ಗಂಟು ಹಾಕಲಿಲ್ಲ.

ಆಮೇಲೆ ಸಿಕ್ಕಿದ್ದು ನುಗ್ಗೆ ಮರ. ಎರಡು ತುಂಡಾಗಿ ಬಿದ್ದಿತ್ತು, ಬಾಯಿ ಮಾತ್ರ ತುಂಡಾಗಿರಲಿಲ್ಲ. "ಅಯ್ಯಯ್ಯೋ ಯವ್ವಾ! ಪ್ರಳಯ, ಪ್ರಳಯ! ಐದು ಗಂಟು ಹಾಕು, ಐದೂ ಹಾಕು!"

ಸಂಕವ್ವ ಸಿಟ್ಟಿನ ಭರದಲ್ಲಿ ಐದೂ ಹಾಕಿಬಿಟ್ಟಳು. ನಾಲ್ಕು ಹೆಜ್ಜೆ ನಡೆದು ನಿಂತಳು. ಹೋದ ವರ್ಷ ಅದೇ ಮರದ ಕೊಂಬೆ ಒಂದು ಕಾಗೆ ಕೂತದ್ದಕ್ಕೆ ಮುರಿದಿತ್ತಲ್ಲ! ನುಗ್ಗೆಗೆ ಪ್ರಳಯ ಬೇರೆ ಬೇಕೇ? ಉಗುರು ನೋಯುವ ಹಾಗೆ ನಾಲ್ಕು ಗಂಟು ಬಿಚ್ಚಿದಳು, ಒಂದನ್ನು ಉಳಿಸಿದಳು. ಏನು ಹೇಳಿದರು ಅನ್ನುವುದಷ್ಟೇ ಸಾಲದು, ಹೇಳಿದವರ ಗಟ್ಟಿತನ ಎಷ್ಟು ಎಂದೂ ನೋಡಬೇಕು ಎಂಬುದು ಆಗ ಅವಳಿಗೆ ಹೊಳೆಯಿತು.

ಮುಂದೆ ಹೊಲದ ತುಂಬ ಸೂರುಗಳು ಚೆಲ್ಲಾಡಿದ್ದವು. ಅವಳು ಒಂದೊಂದನ್ನೇ ಎತ್ತಿ ನೋಡಿದಳು. ಹನ್ನೊಂದರಲ್ಲಿ ಬಿದಿರು ಸೀಳಿತ್ತು, ಆದರೆ ಸೀಳಿದ ಬಿದಿರಿನ ಮೇಲೆ ಅವಳ ಗಂಟು ಹಾಗೇ ಕೂತಿತ್ತು, ಒಂದು ಎಳೆಯೂ ಸಡಿಲಾಗದೆ. "ನಾವು ಬಿಡಲಿಲ್ಲವ್ವಾ, ಬಿದಿರ ಹೋತು" ಅಂದವು ಗಂಟುಗಳು. ಸಂಕವ್ವ ಎರಡನೆಯ ಗಂಟು ಹಾಕಿದಳು.

ಊರ ಕೊನೆಯಲ್ಲಿ ದೊಡ್ಡ ಹುಣಸೆ ಮರ. ಹಿಂಡಿದ ಬಟ್ಟೆಯಂತೆ ತಿರುಚಿಕೊಂಡು ನಡುವಿಗೆ ಮುರಿದಿತ್ತು. ಅದು ಅಳಲಿಲ್ಲ, ಕೂಗಲಿಲ್ಲ. ಮೆಲ್ಲಗೆ ಹೇಳಿತು, "ಎರಡು ಗಂಟಿನ ಗಾಳಿ ನನ್ನ ಟೊಂಗಿ ಮುರಿತಾನ. ನನ್ನ ನಡಾ ಮುರಿಬೇಕಂದ್ರ ಮೂರು ಬೇಕು. ಹೆಚ್ಚು ಹೇಳೂದಿಲ್ಲ, ಕಡಿಮಿನೂ ಹೇಳೂದಿಲ್ಲ."

ಸಂಕವ್ವ ಅದರ ಮೈ ಸವರಿ ಸ್ವಲ್ಪ ಹೊತ್ತು ಅತ್ತಳು. ಆಮೇಲೆ ಮೂರನೆಯ ಗಂಟು ಹಾಕಿದಳು. ನಾಲ್ಕನೆಯದನ್ನೂ ಹಾಕಬೇಕು ಎಂದು ಕೈ ತುರಿಸುತ್ತಿತ್ತು. ಆದರೆ ಊರಿನ ಮಣ್ಣಿನ ಗೋಡೆಗಳು ನಿಂತೇ ಇದ್ದವು. ಗೋಡೆ ನಿಂತಿರುವಾಗ ನಾಲ್ಕು ಹೇಗೆ ಹಾಕುವುದು? ಹಾಕಲಿಲ್ಲ.

ಸಂಜೆ ಊರೆಲ್ಲ ಸೇರಿತು. ಸಂಕವ್ವ ಹಗ್ಗ ತೋರಿಸಿ, ಯಾರು ಯಾರು ಏನು ಹೇಳಿದರು ಎಂದು ಹೇಳಿದಳು.

ಸುಂಟರಗಾಳಿ ನಕ್ಕ. "ದುಂಡವ್ವನ ಸೂರಿನ ಹಗ್ಗ ಯಾಕ ತೋರಸ್ವಲ್ಲಿ? ಅದರ ಗಂಟು ಬಿಚ್ಚೈತಿ. ಕಂಡೀನಿ ನಾ!"

ದುಂಡವ್ವ ಕೂಸನ್ನು ಎದೆಗೆ ಒತ್ತಿಕೊಂಡಳು. ಸಂಕವ್ವನ ಮುಖ ಕೆಂಪಾಯಿತು. ಇಲ್ಲ ಅನ್ನಬಹುದಿತ್ತು. ಆ ಹಗ್ಗ ಎಲ್ಲಿ ಹಾರಿತೋ ಗೊತ್ತಿಲ್ಲ ಅನ್ನಬಹುದಿತ್ತು. ಎದುರಿಗಿದ್ದವನು ಮಾಡಿದ್ದೂ ಅದನ್ನೇ ಅಲ್ಲವೇ?

"ಹೌದಜ್ಜಾ. ಅದೊಂದು ಖರೇ" ಅಂದಳು ಅವಳು. "ಅದನ್ನ ಕಟ್ಟಿದ ದಿನ ದುಂಡವ್ವಗ ಹೆರಿಗಿ ಬ್ಯಾನಿ ಸುರು ಆಗಿತ್ತು. ಹೊತ್ತು ಮುಳುಗೋದ್ರಾಗ ಮ್ಯಾಲ ಒಂದು ಸೂರು ಬೇಕಾಗಿತ್ತು. ಹಳೇ ಹಗ್ಗ ಹಾಕ್ದೆ, ಜೋತು ಬಿದ್ದು ನೋಡ್ಲಿಲ್ಲ. ಆ ಗುಡಿಸಲ ಒಂದ ಗಂಟಿನ ಗಾಳಿಗೂ ಹಾರತಿತ್ತು. ಅದನ್ನ ಎಣಿಸಬ್ಯಾಡ್ರಿ. ತಪ್ಪು ನಂದು. ಆದ್ರ ಉಳಿದ ಹನ್ನೊಂದು ನಂದಲ್ಲ!"

ಮುಗಿಲಜ್ಜ ಈ ಸಲ ತಲೆದೂಗಲಿಲ್ಲ. ಗುಡ್ಡದಿಂದ ಮೊಣಕೈ ತೆಗೆದು, ಕೆಳಗೆ ಬಗ್ಗಿ, ಹುಣಸೆ ಮರವನ್ನು ನೋಡಿದ. ಸೀಳಿದ ಬಿದಿರನ್ನು ನೋಡಿದ. ಅದರ ಮೇಲಿನ ಗಂಟನ್ನು ಬೆರಳಿನಿಂದ ಎಳೆದು ನೋಡಿದ. ಅದು ಬರಲಿಲ್ಲ.

"ತನ್ನ ತಪ್ಪು ತಾನ ಹೇಳಿದಾಕಿ ಉಳಿದದ್ದರಾಗ ಯಾಕ ಸುಳ್ಳು ಹೇಳ್ತಾಳ?" ಅಂದ. "ಮೂರು ಗಂಟಿನ ಗಾಳಿ ಬಂದಾನ. ಆಕಿ ಹಗ್ಗ ಆಕಿ ಹತ್ರಾನ ಇರಲಿ. ಇನ್ ಮುಂದ ಈ ಸುಂಟರನ್ನ ಯಾರೂ ಏನೂ ಕೇಳಬ್ಯಾಡ್ರಿ."

ಆಗ ನೋಡಬೇಕಿತ್ತು ಅವನ ರಂಪ! "ಬರೇ ಮೂರಾ? ನನಗ ಮೂರಾ? ಹಳ್ಳದ ಆಚಿ ಬಯಲಾಗ ಐದು ಗಂಟಿನ ಜೋರು ಸುತ್ತೀನಿ ನಾ!"

"ನಿನ್ನಿ ದಂಟಿನ ತುದಿ ಅಲುಗಿಸೀನಿ ಅಂದಿದ್ಯಲ್ಲೋ" ಅಂದಳು ಸಂಕವ್ವ. "ಇರಲಿ, ಆ ಬಯಲಾಗ ಏನ್ ಮುರದೈತಿ ತೋರ್ಸು."

"ಅಲ್ಲಿ ಮುರಿಯಾಕ ಏನೂ ಇರಲಿಲ್ಲ!"

"ಹಂಗಾರ ಹೇಳಾಕ ಯಾರೂ ಇಲ್ಲ. ಯಾರೂ ಇಲ್ಲದ ಕಡೆ ಗಂಟೂ ಇಲ್ಲ."

ಅವನು ನಿಜವಾಗಿಯೂ ಅಲ್ಲಿ ಐದರ ಜೋರಿನಲ್ಲಿ ಸುತ್ತಿದ್ದನೋ ಏನೋ. ಇರಬಹುದು. ಪಾಪ ಅನ್ನಿಸಿದರೆ ನಿನಗೆ ಅನ್ನಿಸಲಿ ಮಗು, ನನಗಂತೂ ಅನ್ನಿಸುವುದಿಲ್ಲ.

ಮಾರನೆಯ ದಿನ ಸಂಕವ್ವ ಮೊದಲು ಕಟ್ಟಿದ್ದು ದುಂಡವ್ವನ ಸೂರನ್ನೇ. ಹೊಸ ಹಗ್ಗ ಹಾಕಿದಳು. ದುಂಡವ್ವ ಕೂಸನ್ನು ಅವಳ ಕೈಗೆ ಕೊಟ್ಟು, "ಈ ಸಲ ನಾ ನೋಡ್ತೀನಿ ತಡಿ" ಎಂದು ತಾನೇ ಗಂಟಿಗೆ ಜೋತು ಬಿದ್ದಳು. ಗಂಟು ತಡೆಯಿತು. ಇಬ್ಬರೂ ನಕ್ಕರು.

ಅದಕ್ಕೇ ಇವತ್ತಿಗೂ ಸುಂಟರಗಾಳಿ ಬಂದು ಹೋದ ಮೇಲೆ ವಿಜ್ಞಾನಿಗಳು ಅವನ ದಾರಿ ಹಿಡಿದು ನಡೆಯುತ್ತಾರೆ. ಮುರಿದ ಮರ ಯಾವುದು, ಗಟ್ಟಿ ಮರವೋ ಪೊಳ್ಳೋ, ಬಿದ್ದ ಮನೆಯನ್ನು ಹೇಗೆ ಕಟ್ಟಿದ್ದರು ಎಂದು ಬಗ್ಗಿ ಬಗ್ಗಿ ನೋಡುತ್ತಾರೆ. ಆಮೇಲೆ ಸೊನ್ನೆಯಿಂದ ಐದರವರೆಗೆ ಒಂದು ಅಂಕಿ ಕೊಡುತ್ತಾರೆ. ಅವನು ಎಷ್ಟೇ ಅಬ್ಬರಿಸಲಿ, ಅವನ ಬಾಯಿಮಾತಿಗೆ ಬೆಲೆಯಿಲ್ಲ.

ಮತ್ತೆ ಬೇಸಿಗೆಯ ಮಧ್ಯಾಹ್ನ ಶಾಲೆಯ ಖಾಲಿ ಮೈದಾನದಲ್ಲಿ ಒಂದು ಪುಟ್ಟ ಸುಳಿಗಾಳಿ ಧೂಳು, ಒಣಎಲೆ, ಚಾಕೊಲೇಟ್ ಕಾಗದ ಎತ್ತಿಕೊಂಡು ಗಿರಗಿರ ಸುತ್ತುವುದನ್ನು ನೀನು ನೋಡಿದ್ದೀಯಲ್ಲ, ಅದು ಅವನ ವಂಶದ್ದೇ; ತನ್ನ ಜೋರಿಗೆ ಸಾಕ್ಷಿ ಹೇಳುವವರು ಯಾರಾದರೂ ಸಿಗುತ್ತಾರಾ ಎಂದು ಹುಡುಕಿ ಹುಡುಕಿ, ಯಾರೂ ಸಿಗದೆ, ಅಲ್ಲೇ ಕುಸಿದು ಕೂತುಬಿಡುತ್ತದೆ.