ಸುರುಳಿಯಿಲ್ಲದ ಯಂತ್ರ

"ಗುರುಗಳೇ, ಜನರ ಕಷ್ಟ ತಿಳಿಯಬೇಕೆಂದು ವಾರಕ್ಕೊಮ್ಮೆ ಕೇರಿಗೆ ಹೋಗುತ್ತೇನೆ. 'ಎಲ್ಲ ಚೆನ್ನಾಗಿದೆ ಬುದ್ಧಿ' ಎನ್ನುತ್ತಾರೆಯೇ ಹೊರತು ಯಾರೂ ಬಾಯಿ ಬಿಡುವುದಿಲ್ಲ. ಏನು ಮಾಡಲಿ?" ಎಂದು ಮಠದ ಶಿಷ್ಯನೊಬ್ಬ ಕೇಳಿದ.

ಗುರುಗಳು ಹೇಳಿದರು:

ಸಿನಿಮಾಕ್ಕೆ ಇನ್ನೂ ಮಾತು ಬಾರದ ಕಾಲ. ಒಂದು ಪಟ್ಟಣದಲ್ಲಿ ಚಿತ್ರ ತೆಗೆಯುವವನೊಬ್ಬನಿದ್ದ. ರಾಜರ ಕತೆ, ದೇವರ ಕತೆ ಅವನಿಗೆ ಬೇಡ. ಪೇಟೆಬೀದಿಯ ಒಂದು ಸಾಧಾರಣ ದಿನವನ್ನು ಇದ್ದ ಹಾಗೆ ತೆರೆಯ ಮೇಲೆ ತೋರಿಸಬೇಕೆಂಬ ಹುಚ್ಚು. ಅಂಥದ್ದನ್ನು ಆ ಸೀಮೆಯಲ್ಲಿ ಯಾರೂ ಮಾಡಿರಲಿಲ್ಲ. ಸಿನಿಮಾ ಟೆಂಟಿನ ಮಾಲೀಕನೊಬ್ಬ ಚಿತ್ರ ತೆಗೆಯುವ ಯಂತ್ರವನ್ನೂ ಮೂರು ಸುರುಳಿ ಫಿಲ್ಮನ್ನೂ ಕೊಟ್ಟ.

ಬೀದಿಯಲ್ಲಿ ಯಂತ್ರ ನಿಲ್ಲಿಸಿ ಹಿಡಿಕೆ ತಿರುಗಿಸಿದ. ಇಡೀ ಬೀದಿ ಕಲ್ಲಿನಂತೆ ನಿಂತುಬಿಟ್ಟಿತು. ಆ ಜನ ಕಂಡಿದ್ದು ಫೋಟೋ ಸ್ಟುಡಿಯೋ ಮಾತ್ರ. ಅಲ್ಲಿ ಅಲುಗಾಡಿದರೆ ಪಟ ಕೆಡುತ್ತಿತ್ತು. ಕ್ಷೌರಿಕ ಎತ್ತಿದ ಕೈಯಲ್ಲೇ ಕತ್ತಿ ಹಿಡಿದು, "ಯಾರೂ ಅಲ್ಲಾಡಬೇಡ್ರಪ್ಪಾ, ಪಾಪ, ಅವನ ಪಟ ಕೆಡ್ತದೆ" ಎಂದು ಕೂಗಿದ. ಮರುದಿನ ಇವನು, ದಯವಿಟ್ಟು ಅಲ್ಲಾಡಿ ಎಂದು ಬೇಡಿಕೊಂಡ. ಎಲ್ಲರೂ ನಾಟಕದವರ ಹಾಗೆ ಕೈಬೀಸತೊಡಗಿದರು. ಎರಡು ಸುರುಳಿ ಹಾಳಾದವು.

ಮಾಲೀಕ ಸಿಡುಕಿದ: "ಉಳಿದಿರೋದು ಒಂದು. ಯಾರಾದ್ರೂ ದೊಡ್ಡವರ ಮೆರವಣಿಗೆ ತೆಗಿ. ಇದೂ ಕೆಟ್ಟರೆ ಇನ್ನು ಯಂತ್ರ ಮುಟ್ಟೋಕೆ ಬಿಡಲ್ಲ."

ಇವನು ಸುರುಳಿಯನ್ನು ಮನೆಯಲ್ಲಿಟ್ಟು ಬೀಗ ಹಾಕಿದ. ಖಾಲಿ ಯಂತ್ರ ಹೊತ್ತು ಅದೇ ಬೀದಿಗೆ ಹೋಗಿ, ಬೆಳಗಿನಿಂದ ಮಧ್ಯಾಹ್ನದವರೆಗೆ ಹಿಡಿಕೆ ತಿರುಗಿಸಿದ. ಒಂದು ದಿನವಲ್ಲ, ಎರಡು ತಿಂಗಳು. ಬಿಸಿಲಲ್ಲಿ ಬೆಂದ, ಹುಚ್ಚನೆನಿಸಿಕೊಂಡ. ನಕ್ಕು ನಕ್ಕು ಜನಕ್ಕೇ ಬೇಸರವಾಯಿತು. ಒಂದು ಬೆಳಿಗ್ಗೆ ಹೂವಿನವಳು, "ಏ, ಅತ್ತ ಸರಿಯೋ ಮಾರಾಯ, ಗಿರಾಕಿ ಬಂದ್ರು" ಎಂದು ಅವನನ್ನು ಮೊಣಕೈಯಿಂದ ತಳ್ಳಿದಳು. ಅವನಿಗೆ ಹೇಳಲಾರದಷ್ಟು ಸಂತೋಷವಾಯಿತು. ಮನೆಗೆ ಓಡಿ ಸುರುಳಿ ತಂದು ಹಾಕಿದ.

ಆ ಚಿತ್ರವನ್ನು ನಾನು ಟೆಂಟಿನ ನೆಲದ ಮೇಲೆ ಕೂತು ನೋಡಿದ್ದೇನೆ. ಒಬ್ಬ ಕ್ಷೌರ ಮಾಡುತ್ತಾನೆ, ಒಬ್ಬಳು ಹೂವಿಗೆ ಮೊಳ ಹಾಕುತ್ತಾಳೆ, ಅಷ್ಟೇ. ನನಗೆ ಕಣ್ಣು ತುಂಬಿ ಬಂತು. ಬಯ್ಯಲು ಬಂದಿದ್ದ ಮಾಲೀಕ ಎರಡನೇ ಆಟಕ್ಕೂ ಕೂತ. ಯಂತ್ರ ಚಿತ್ರ ತೆಗೆದವನ ಬಳಿಯೇ ಉಳಿಯಿತು. ಎಂಥ ತಾಳ್ಮೆ ಆ ಪುಣ್ಯಾತ್ಮನದು! ನಮ್ಮ ಮಠದಲ್ಲಿ ಅಷ್ಟು ತಾಳ್ಮೆಯವರನ್ನು ನಾನು ಕಂಡಿಲ್ಲ, ನನ್ನನ್ನೂ ಸೇರಿಸಿ.

"ನಾನೂ ತಪ್ಪದೆ ಹೋಗುತ್ತಿದ್ದೇನಲ್ಲ ಗುರುಗಳೇ?" ಎಂದ ಶಿಷ್ಯ.

ಗುರುಗಳು ಕೇಳಿದರು: "ನೀನು ಹೋದಾಗ ಕೂತವರು ಈಗಲೂ ಎದ್ದು ನಿಲ್ಲುತ್ತಾರಲ್ಲವೇ?"