ಈರಸಂಗಪ್ಪ ಕವಿಗಳು ಹೊಡೆದುಹಾಕಿದ ಎರಡು ಪುಟ

ಬಹಳ ಹಿಂದೆ, ನಿಮ್ಮ ಅಜ್ಜಂದಿರಿಗೆ ಮೀಸೆ ಮೂಡುವುದಕ್ಕೂ ಮುಂಚೆ, ಇದೇ ನಮ್ಮೂರಲ್ಲಿ ಈರಸಂಗಪ್ಪ ಅಂತ ಒಬ್ಬ ನಾಟಕದ ಕವಿ ಇದ್ದರಂತೆ. ಎಂಥ ಕವಿ ಅಂತೀರಿ! ಅವರು ಬರೆದ ಮಾತಿಗೆ ಜನ ‘ವನ್ಸ್ ಮೋರ್’ ಅಂತ ಕೂಗಿ ಕೂಗಿ, ಒಂದೇ ನಾಟಕ ಎರಡು ದಿನ ನಡೆದದ್ದೂ ಉಂಟಂತೆ. ನಂಬದವರು ಬಿಡಿ, ನಾನಂತೂ ನಂಬುತ್ತೇನೆ.

ಅವರ ಕಂಪನಿಯಲ್ಲಿ ತಾಯಿ ಪಾತ್ರ ಮಾಡುವವಳು ಗುರುಸಿದ್ದವ್ವ. ಆಕೆಗೆ ಓದು ಬಾರದು, ವಯಸ್ಸಾದ ಮೇಲೆ ಮಾತೂ ನೆನಪಿನಲ್ಲಿ ನಿಲ್ಲದು. ಕವಿಗಳೇ ಪರದೆಯ ಮರೆಯಲ್ಲಿ ಕೂತು ಒಂದೊಂದೇ ಮಾತು ಹೇಳಿಕೊಡುತ್ತಿದ್ದರಂತೆ.

ಹೀಗಿರುವಾಗ, ನಿಮ್ಮ ನಾಟಕ ಸಿನಿಮಾ ಮಾಡುತ್ತೇವೆ, ನೀವೇ ಬರೆಯಿರಿ ಅಂತ ಮದ್ರಾಸಿನಿಂದ ಕರೆ ಬಂತಂತೆ. ಗುರುಸಿದ್ದವ್ವ ಇದ್ದರೆ ಮಾತ್ರ ಬರುತ್ತೇನೆ ಅಂದರಂತೆ ಕವಿಗಳು.

ಮೊದಲ ದಿನವೇ, ಓಡಿಹೋಗಿದ್ದ ಮಗ ಏಳು ವರ್ಷದ ಮೇಲೆ ಮನೆಗೆ ಬರುವ ಸೀನು. ತಾಯಿಗೆ ಎರಡು ಪುಟದ ಮಾತು. ನಾಟಕದಲ್ಲಿ ಆ ಮಾತಿಗೆ ಅಳದವರೇ ಇರಲಿಲ್ಲವಂತೆ. ಕವಿಗಳು ರೂಢಿಯಂತೆ ಗೋಡೆಯ ಹಿಂದೆ ಕೂತು ಹೇಳಿಕೊಟ್ಟರು. ಮೈಕು ಬಿಡುತ್ತದೆಯೇ? ತಾಯಿಗಿಂತ ಮುಂಚೆ ಗಂಡಸಿನ ದನಿ ಕೇಳಿಸಿತು. ಮೂರು ಸಲ ಹಾಗೇ ಆಯಿತು. ಡೈರೆಕ್ಟರು ರೇಗಿ, ಬೇರೆ ನಟಿಯನ್ನು ಕರೆಸಿ, ಈ ಮುದುಕಿಯನ್ನು ಊರಿಗೆ ಕಳಿಸಿ ಅಂದುಬಿಟ್ಟರಂತೆ.

ಗುರುಸಿದ್ದವ್ವ ಬಟ್ಟೆಗಂಟು ಕಟ್ಟಿಕೊಂಡಳು. “ನೀವರ ಇಲ್ಲೇ ಇರ್ರಿ ಕವಿಗಳ. ನಾ ಹೋಕ್ಕೀನಿ.”

ಕವಿಗಳು ಆ ಗಂಟನ್ನು ಇಸಿದುಕೊಂಡು ಕೆಳಗಿಟ್ಟರಂತೆ. ಡೈರೆಕ್ಟರ ಹತ್ತಿರ ಇನ್ನೊಂದೇ ಒಂದು ಸಲ ಅಂತ ಕೇಳಿಕೊಂಡು, ಆ ಎರಡು ಪುಟಕ್ಕೂ ತಮ್ಮ ಕೈಯಾರೆ ಅಡ್ಡಗೀಟು ಎಳೆದರಂತೆ.

“ಮಾತು ಬಿಟ್ಟುಬಿಡು ಯವ್ವಾ. ಮಗ ಬಂದು ಬಾಗಿಲಾಗ ನಿಂತಾನ. ಮನ್ಯಾಗಾದ್ರ ಏನ ಮಾಡ್ತಿದ್ದಿ, ಅದನ್ನ ಮಾಡು.”

ರೊಟ್ಟಿ ಬಡಿಯುತ್ತಿದ್ದ ಗುರುಸಿದ್ದವ್ವ ಮಗನನ್ನು ನೋಡಿದಳು. ಕೈ ನಿಂತಿತು. ಆಮೇಲೆ ಡಬ್ಬಿಗೆ ಕೈಹಾಕಿ ಇನ್ನೊಂದು ಬೊಗಸೆ ಹಿಟ್ಟು ತೆಗೆದುಕೊಂಡಳು. ಅಷ್ಟೇ. ಬೈದ ಡೈರೆಕ್ಟರೇ ಕಣ್ಣೊರೆಸಿಕೊಂಡರಂತೆ. ಬೇರೆ ನಟಿಯ ಸುದ್ದಿಯನ್ನು ಮತ್ತೆ ಯಾರೂ ಎತ್ತಲಿಲ್ಲ.

ಮುಂದೆ ಕವಿಗಳು ಇಪ್ಪತ್ತು ಸಿನಿಮಾ ಬರೆದರಂತೆ. ನಲವತ್ತು ಅನ್ನುವವರೂ ಇದ್ದಾರೆ. ಎಷ್ಟಾದರೂ ನಮ್ಮೂರವರು, ನನಗಂತೂ ಹೇಳುವಾಗ ಎದೆ ಉಬ್ಬುತ್ತದೆ.

ಇವತ್ತಿಗೂ ನಮ್ಮೂರಲ್ಲಿ ಹೊಸ ನಾಟಕದ ತಾಲೀಮು ಶುರುವಾಗುವ ದಿನ, ಬರೆದವರು ಎಲ್ಲರೆದುರು ತಮಗೆ ಬಲು ಇಷ್ಟವಾದ ಒಂದು ಮಾತನ್ನು ಹೊಡೆದುಹಾಕಬೇಕು. ಎಷ್ಟು ದೊಡ್ಡ ಕವಿಯಾದರೂ ಸರಿಯೇ. ನಾನೂ ಹೊಡೆದುಹಾಕಿದ್ದೇನೆ. ಆ ಮಾತು ಈರಸಂಗಪ್ಪಜ್ಜನ ಪಾಲು ಅಂತ ಎಲ್ಲರೂ ಅಂದ ಮೇಲೆಯೇ ಹಾರ್ಮೋನಿಯಂ ನುಡಿಸುವ ಪೇಟಿ ಮಾಸ್ತರು ಸ್ವರ ಹಿಡಿಯುತ್ತಾರೆ.