ದ್ವಿವರ್ಣವಾದ ಗುಲಗಂಜಿ

ಈ ಕಥೆಯನ್ನು ನನಗೆ ಮೊದಲು ಹೇಳಿದವರು ಮಠಕ್ಕೆ ಹೂ ಕಟ್ಟಿಕೊಡುತ್ತಿದ್ದ ನಮ್ಮ ಸೋದರತ್ತೆ ನೀಲಮ್ಮನವರು.

ಅಕ್ಕಸಾಲಿಗ ಈರಾಚಾರಿಯ ಬಳಿ ಚಿನ್ನ ತೂಗುವ ಗುಲಗಂಜಿಯೊಂದಿತ್ತು. ಪಂಡಿತರ ಜಗಲಿಯಲ್ಲಿ ಬೆಳೆದ ಗಿಳಿಯೊಂದು ಅದನ್ನು ನೋಡಿ, "ಕೆಂಪು ಮೈ, ಕಪ್ಪು ಮೂತಿ! ನಿನ್ನಂಥವರಿಗೆ ಶಾಸ್ತ್ರದಲ್ಲಿ ದ್ವಿವರ್ಣ ಎನ್ನುತ್ತಾರೆ" ಎಂದಿತು.

ಗುಲಗಂಜಿ ಹಿಗ್ಗಿ ಹೀರೇಕಾಯಿಯಾಯಿತು. "ಆಚಾರ್ರೇ, ಇನ್ನು ನಾನು ತೂಗುವವಳಲ್ಲ, ದ್ವಿವರ್ಣಳು! ನೀವು ಮಾಡುತ್ತಿರುವ ಮದುಮಗಳ ಪದಕದಲ್ಲಿ ಮುತ್ತಿನ ಪಕ್ಕ ನನ್ನನ್ನು ಕೂರಿಸಿ."

"ಆಗಲಿ ತಾಯಿ. ಪದಕಕ್ಕೆ ಸೇರುವುದನ್ನೆಲ್ಲ ತೂಗಿಯೇ ಸೇರಿಸುವುದು ನಮ್ಮ ಪದ್ಧತಿ" ಎಂದ ಆಚಾರಿ, ಅದನ್ನು ತಕ್ಕಡಿಯ ಒಂದು ತಟ್ಟೆಯಲ್ಲಿಟ್ಟು, ಡಬ್ಬಿಯಿಂದ ಇನ್ನೊಂದು ಗುಲಗಂಜಿ ತೆಗೆದು ಎದುರು ತಟ್ಟೆಗೆ ಹಾಕಿದ. ತಕ್ಕಡಿ ಸಮವಾಗಿ ನಿಂತಿತು.

"ನನ್ನ ಹೆಸರಿನ ತೂಕ ಎಲ್ಲಿ ಹೋಯಿತು? ಗಿಳಿಯಕ್ಕಾ, ನೀನಾದರೂ ಹೇಳೇ!"

ಗಿಳಿ ಡಬ್ಬಿಯೊಳಗೆ ಇಣುಕಿತು. "ಏನು ಹೇಳಲಿ ತಂಗಿ? ಇಲ್ಲಿರುವವರೆಲ್ಲ ದ್ವಿವರ್ಣರೇ. ಬೆಳಿಗ್ಗೆ ಒಂದು ಕಂಬಳಿಹುಳಕ್ಕೂ ಅದನ್ನೇ ಹೇಳಿ ಬಂದೆ."

ಆಚಾರಿ ಹೊಸ ಗುಲಗಂಜಿಯಿಂದ ಚಿನ್ನ ತೂಗಿ ಪದಕ ಮುಗಿಸಿದ. ಹಳೆಯದನ್ನು, ಸದ್ದಾದರೂ ಮಾಡಲಿ ಎಂದು, ಮೊಮ್ಮಗುವಿನ ಗಿಲಕಿಯೊಳಗೆ ಹಾಕಿದ.

ಶಿವ ನಿಮ್ಮನ್ನು ಚೆನ್ನಾಗಿಟ್ಟಿರಲಿ. ಹೊಸದಾಗಿ ಬಿರುದು ಸಿಕ್ಕವರು ಯಾರಾದರೂ ಎದುರಾದರೆ, ಕೂರಿಸಿ ಇದನ್ನೊಮ್ಮೆ ಹೇಳಿಬಿಡಿ.